ಬ್ಲೌಸಿನ ನಂಬರು

ಭಾನುವಾರ ಬಂತೆಂದರೆ ಚೈತ್ರಳ ಹೊಲಿಗೆ ಮಿಷನ್ನಿನ ಡ್ರಾಯರಿನಿಂದ ಟೇಪು ಹೋಗುತ್ತಿತ್ತು. ಕಳುವೇನಲ್ಲ. "ಅಕ್ಕ, ಟೇಪ್ ತಗೊಂಡೆ" ಎಂದು ಬಿಂದುಶ್ರೀ ಹೇಳಿಯೇ ತೆಗೆದುಕೊಳ್ಳುತ್ತಿದ್ದಳು, ಸಂಜೆಗೆ ಸುತ್ತಿ ಅದೇ ಜಾಗದಲ್ಲಿ ಇಡುತ್ತಿದ್ದಳು. ಆ ಸುತ್ತುವ ರೀತಿಯೂ ಚೈತ್ರಳಿಗೆ ಸೇರುತ್ತಿರಲಿಲ್ಲ. ಅವಳು ಹದಿನಾಲ್ಕು ವರ್ಷದಿಂದ ಟೇಪನ್ನು ನಾಲ್ಕು ಬೆರಳಿಗೆ ಸುತ್ತಿದವಳು. ಇವಳು ಎರಡೇ ಬೆರಳಿಗೆ ಬಿಗಿಯಾಗಿ ಸುತ್ತಿ, ಬಸವನಹುಳು ಮಾಡಿಟ್ಟಂತೆ ಇಡುತ್ತಾಳೆ.

ತೂಬಗೆರೆ ಹೋಬಳಿಯ ಆ ಊರಿನಲ್ಲಿ ಅಳತೆ ಎಂದರೆ ಚೈತ್ರಳ ಕೈ. ಕೆಂಪರಾಜನ ಹೆಂಡತಿಯಾಗಿ ಆ ಮನೆಗೆ ಬಂದ ಎರಡನೆಯ ವರ್ಷವೇ ಪಡಸಾಲೆಯ ಕಿಟಕಿಗೆ ಮಿಷನ್ ಹಾಕಿಕೊಂಡವಳು. ಯಾರ ಎಡಹೆಗಲು ಅರ್ಧ ಇಂಚು ತಗ್ಗು, ಯಾರಿಗೆ ಬಾಣಂತನ ಆದಮೇಲೆ ತೋಳು ದಪ್ಪಗಾಯಿತು, ಯಾರು ಕೊಕ್ಕೆಯ ಕಡೆ ಹೊಲಿಗೆ ಬಿಡಿಸಿಕೊಂಡು ಸುಮ್ಮನಿದ್ದಾರೆ, ಎಲ್ಲ ಅವಳಿಗೆ ಬಾಯಿಪಾಠ. ಹೆಂಗಸರು ಅಳತೆ ಕೊಡಲು ಬಂದು ಗಂಟೆಗಟ್ಟಲೆ ಕೂತು ಅತ್ತೆಯ ಮೇಲಿನದು, ನಾದಿನಿಯ ಮೇಲಿನದು ಎಲ್ಲ ಹೇಳಿಕೊಂಡು ಹಗುರಾಗಿ ಎದ್ದು ಹೋಗುತ್ತಿದ್ದರು.

ಒಂದೂಕಾಲು ವರ್ಷದ ಹಿಂದೆ ಮೈದುನ ನವೀನ್‌ಕುಮಾರ್ ಮದುವೆಯಾಗಿ ಬಿಂದುಶ್ರೀಯನ್ನು ಕರೆತಂದ. ಅವಳು ದೊಡ್ಡಬಳ್ಳಾಪುರದ ಒಂದು ಗಾರ್ಮೆಂಟ್ಸಿನಲ್ಲಿ ಕೆಲಸಕ್ಕಿದ್ದಳು. ಅಲ್ಲಿ ಹೊಲಿಯುವುದೆಲ್ಲ ಹೆಂಗಸರ ಒಳಉಡುಪು. ಇವಳದು ಹೊಲಿಯುವ ಕೆಲಸವೂ ಅಲ್ಲ, ಹೊಲಿದದ್ದನ್ನು ಅಳೆದು ನೋಡಿ ಪಾಸು ಮಾಡುವುದು. ಹಾಲಿನ ಡೇರಿಯ ಹತ್ತಿರ ಯಾರೋ ಒಬ್ಬಾಕೆ ಬ್ರಾದ ಪಟ್ಟಿ ಕೊರೆದು ಹೆಗಲು ಉರಿಯುತ್ತದೆ ಎಂದಳಂತೆ. ಇವಳು ಅಳೆದು ಬೇರೆ ಸೈಜು ಹೇಳಿದಳಂತೆ. ತಿಂಗಳೊಳಗೆ ಉರಿ ಹೋಯಿತಂತೆ. ಅಲ್ಲಿಂದ ಶುರು. ಈಗ ಭಾನುವಾರ ಬೆಳಿಗ್ಗೆ ಐದಾರು ಜನ ಚೈತ್ರಳ ಮಿಷನ್ನಿನ ಮುಂದೆಯೇ ಹಾದು, "ಏನ್ ಚೈತ್ರ, ತಿಂಡಿ ಆಯ್ತಾ?" ಎಂದು ಬಾಯಿಮಾತಿಗೆ ಕೇಳಿ, ಒಳಗಿನ ಕೋಣೆಗೆ ಹೋಗುತ್ತಿದ್ದರು. ಒಳಗಿನಿಂದ ನಗು ಕೇಳುತ್ತಿತ್ತು. ಮೊದಲು ಆ ನಗು ಪಡಸಾಲೆಯಲ್ಲಿರುತ್ತಿತ್ತು.

ಇಷ್ಟೆಲ್ಲ ಸಹಿಸಬಹುದಿತ್ತೋ ಏನೋ. ಊರಿನ ಅರ್ಧ ಹೆಂಗಸರನ್ನು ಅಳೆದ ಬಿಂದು, ಒಂದು ದಿನವಾದರೂ "ಅಕ್ಕ, ನಿಮ್ದೂ ನೋಡೋಣ್ವಾ?" ಎಂದು ಕೇಳಿರಲಿಲ್ಲ. ಕೇಳಿದ್ದರೆ ಚೈತ್ರ ಖಂಡಿತ ಬೇಡ ಎನ್ನುತ್ತಿದ್ದಳು. ಆದರೂ ಕೇಳಬೇಕಿತ್ತು.

ಆ ಭಾನುವಾರ ಸೊಣ್ಣಮ್ಮ ತನ್ನ ಮಗಳು ಹರ್ಷಿತಳನ್ನು ಕರೆದುಕೊಂಡು ಬಂದಳು. ಹುಡುಗಿಗೆ ಮಾಘದಲ್ಲಿ ಮದುವೆ. ಹನ್ನೊಂದು ಬ್ಲೌಸಿನ ಬಟ್ಟೆ ಚೀಲದಲ್ಲಿತ್ತು. ಅಷ್ಟು ದೊಡ್ಡ ಕೆಲಸ ಆ ವರ್ಷ ಬಂದೇ ಇರಲಿಲ್ಲ. ದೊಡ್ಡಬಳ್ಳಾಪುರದಲ್ಲಿ ಗಾಜಿನ ಬಾಗಿಲಿನ ಬೊಟಿಕ್ಕುಗಳಾದ ಮೇಲೆ ಮದುವೆ ಬ್ಲೌಸುಗಳೆಲ್ಲ ಅತ್ತಲೇ ಹೋಗುತ್ತಿದ್ದವು. ಚೈತ್ರ ಚೀಲಕ್ಕೆ ಕೈ ಹಾಕುವಷ್ಟರಲ್ಲಿ ಹರ್ಷಿತ ಅಂದಳು:

"ಅಕ್ಕ, ಮೊದ್ಲು ಬಿಂದು ಅಕ್ಕನ ಹತ್ರ ಒಳಗಿಂದು ನೋಡಿಸ್ಕೊಂಡ್ ಬಂದ್ಬಿಡ್ತೀನಿ. ಆಮೇಲೆ ನೀವು ಅಳತೆ ತಗೊಳ್ಳಿ."

ಚೈತ್ರ ಮಿಷನ್ನಿಗೆ ಎಣ್ಣೆ ಬಿಡತೊಡಗಿದಳು. ಪರದೆಯ ಆಚೆಯಿಂದ ಬಿಂದುವಿನ ಮಾತು ಒಂದೊಂದೂ ಕೇಳುತ್ತಿತ್ತು.

"ಟಾಪ್ ತೆಗೀಮ್ಮ, ಒಳಗಿಂದು ಇರ್ಲಿ. ನೆಟ್ಟಗೆ ನಿಂತ್ಕೊ. ಉಸಿರು ಪೂರ್ತಿ ಬಿಡು. ಮೊದ್ಲು ಎದೆ ಕೆಳಗಡೆ ಸುತ್ತು, ಟೇಪ್ ಹಿಂದೆ ಮುಂದೆ ಒಂದೇ ಮಟ್ಟಕ್ಕಿರ್ಬೇಕು. ಮೂವತ್ತೊಂದೂವರೆ. ಮೂವತ್ತೆರಡು ಅಂತ ಇಟ್ಕೋ. ಈಗ ಎದೆ ತುಂಬಿರೋ ಜಾಗದ ಮೇಲೆ, ಇಲ್ಲಿ ಬಿಗಿ ಹಿಡೀಬಾರ್ದು. ಮೂವತ್ತಾರು. ಎಷ್ಟು ಜಾಸ್ತಿ ಬಂತು? ನಾಲ್ಕಿಂಚು. ಒಂದಿಂಚಿಗೆ ಎ, ಎರಡಕ್ಕೆ ಬಿ, ಮೂರಕ್ಕೆ ಸಿ, ನಾಲ್ಕಕ್ಕೆ ಡಿ. ನಿಂದು ಮೂವತ್ತೆರಡು ಡಿ."

"ಅಯ್ಯೋ, ಡಿ ಅಂದ್ರೆ ಸಿಕ್ಕಾಪಟ್ಟೆ ದೊಡ್ಡದಲ್ವಾ ಅಕ್ಕ?"

"ಅಕ್ಷರಕ್ಕೆ ಯಾಕೆ ಹೆದರ್ತೀಯೇ, ಅದೇನು ಕಚ್ಚುತ್ತಾ?"

ಮತ್ತೆ ನಗು. ಹೊರಗೆ ಕೂತಿದ್ದ ಸೊಣ್ಣಮ್ಮನೂ ನಕ್ಕಳು. ಚೈತ್ರಳ ಕೈಯ ಎಣ್ಣೆ ಒಂದು ತೊಟ್ಟು ಹೆಚ್ಚಾಗಿಯೇ ಬಿತ್ತು.

"ಮೂವತ್ತೆರಡಾ?" ಎಂದಳು, ಪರದೆಯ ಆಚೆಗೂ ಕೇಳುವ ಹಾಗೆ. "ಹರ್ಷಿತನ ಬ್ಲೌಸು ಮೂವತ್ತಾರು ಕಣ್ ಸೊಣ್ಣಮ್ಮಕ್ಕ. ಮೂವತ್ತಾರು ಬ್ಲೌಸಿಗೆ ಒಳಗಿನ ಬಾಡೀನೂ ಮೂವತ್ತಾರು. ಈ ಊರಿಗೆಲ್ಲ ನಾನ್ ಹೇಳಿರೋದೇ ಅದು. ಗಾರ್ಮೆಂಟ್ಸಲ್ಲಿ ಗೊಂಬೆಗೆ ಹಾಕ್ತಾರೆ, ಎಳೆದು ಬಿಗಿದ್ರೂ ನಡೆಯುತ್ತೆ. ಮನುಷ್ಯರು ಉಸಿರಾಡ್ಬೇಡ್ವಾ?"

"ಹ್ಞೂಂ ಮತ್ತೆ! ಮೂವತ್ತೆರಡು ಸ್ಕೂಲ್ ಹುಡ್ಗೀರು ಹಾಕೋದು. ಧಾರೆ ಹೊತ್ತಲ್ಲಿ ನನ್ ಮಗಳಿಗೆ ಉಸಿರು ಕಟ್ಟಿದ್ರೆ ಬೀಗ್ರು ಏನಂದಾರು?" ಎಂದಳು ಸೊಣ್ಣಮ್ಮ.

ಬಿಂದು ಪರದೆ ಸರಿಸಿ ಬಂದಳು. ಒಂದು ಗಳಿಗೆ ಚೈತ್ರಳ ಮುಖ ನೋಡಿದಳು. "ಅಕ್ಕ ಹೇಳ್ದಂಗೇ ತಗೊಳ್ಳಿ, ಹಾಕ್ಕೊಂಡು ನೋಡಿ" ಎಂದವಳೇ ಹಿತ್ತಿಲಿಗೆ ಬಟ್ಟೆ ಒಣಹಾಕಲು ಹೊರಟುಹೋದಳು.

ಗೆದ್ದಂತಾಯಿತು. ಆದರೆ ಎದುರಾಳಿ ಜಗಳಕ್ಕೇ ನಿಲ್ಲದಿದ್ದರೆ ಗೆದ್ದ ಖುಷಿ ಎಲ್ಲಿಂದ ಬರಬೇಕು?

ಮಾರನೆಯ ದಿನ ಅತ್ತೆ ಪಿಳ್ಳಮ್ಮ ಅವರೆಕಾಯಿ ಬಿಡಿಸಲು ಹೊಲಕ್ಕೆ ಹೋದಳು. ಬಿಂದು ಬೆಳಿಗ್ಗೆಯೇ ಗಾರ್ಮೆಂಟ್ಸಿನ ವ್ಯಾನು ಹತ್ತಿದ್ದಳು. ಗಂಡಸರು ಮನೆಯಲ್ಲಿರಲಿಲ್ಲ. ಚೈತ್ರ ಕೋಣೆಯ ಚಿಲಕ ಹಾಕಿ ಬೀರುವಿನ ಕನ್ನಡಿಯ ಮುಂದೆ ನಿಂತಳು. ಬಿಂದು ಹೇಳಿದ್ದು ಸುಳ್ಳೆಂದು ತನ್ನ ಮೈಯಲ್ಲೇ ತೋರಿಸಿಕೊಳ್ಳಬೇಕಿತ್ತು.

ಅಭ್ಯಾಸದಂತೆ ಬ್ಲೌಸಿನ ಮೇಲೆಯೇ ಟೇಪು ಸುತ್ತಿದಳು. ಎದೆ ಮೂವತ್ತೆಂಟು. ಬ್ಲೌಸೂ ಮೂವತ್ತೆಂಟು, ಒಳಗಿನದೂ ಮೂವತ್ತೆಂಟು. ಎಲ್ಲ ಸರಿಯಿತ್ತು. ಟೇಪು ಮಡಿಸಬೇಕು, ಅಷ್ಟರಲ್ಲಿ ಕನ್ನಡಿಯಲ್ಲಿ ಒಂದು ಕಂಡಿತು. ಜಾರಿದ ಮುಡಿಯನ್ನು ಕಟ್ಟಿಕೊಳ್ಳಲು ಕೈ ಎತ್ತಿದಾಗ ಒಳಗಿನದು ಪೂರ್ತಿ ಎದೆಯ ಮೇಲಕ್ಕೆ ಏರಿತು. ಕೈ ಇಳಿಸಿದರೂ ಇಳಿಯಲಿಲ್ಲ. ದಿನಕ್ಕೆ ಇಪ್ಪತ್ತು ಸಲ ಅವಳು ಅದನ್ನು ಕೆಳಗೆ ಎಳೆದುಕೊಳ್ಳುತ್ತಿದ್ದಳು. ಸೆರಗು ಸರಿಮಾಡಿಕೊಂಡಷ್ಟೇ ಸಹಜವಾಗಿ. ಎಂದೂ ಯೋಚಿಸಿರಲಿಲ್ಲ. ಈಗ ಯೋಚಿಸಿದಳು. ಇದೇ ಒಂದು ಬ್ಲೌಸಾಗಿದ್ದು, ಯಾರಾದರೂ ಬಂದು "ಕೈ ಎತ್ತಿದ್ರೆ ಮೇಲೇರುತ್ತೆ ಕಣಮ್ಮ" ಎಂದಿದ್ದರೆ ತಾನು ಏನು ಹೇಳುತ್ತಿದ್ದೆ? ಕೆಳಸುತ್ತು ಸಡಿಲ, ನಾಲ್ಕಿಂಚು ಹಿಡೀಬೇಕು ಎನ್ನುತ್ತಿದ್ದೆ.

ಬ್ಲೌಸು ತೆಗೆದಳು. ಹೆಗಲ ಮೇಲೆ ಎರಡು ಕೆಂಪು ಗೀರು, ಹಸುವಿನ ಕತ್ತಿಗೆ ಕಟ್ಟಿದ ಹಗ್ಗದ ಗುರುತಿನ ಹಾಗೆ. ನೆಟ್ಟಗೆ ನಿಂತಳು. ಉಸಿರು ಪೂರ್ತಿ ಬಿಟ್ಟಳು. ಎದೆಯ ಕೆಳಗೆ ಟೇಪು ಸುತ್ತಿ, ಹಿಂದೆ ಮುಂದೆ ಒಂದೇ ಮಟ್ಟಕ್ಕಿದೆಯೇ ಎಂದು ಪಕ್ಕಕ್ಕೆ ತಿರುಗಿ ಕನ್ನಡಿಯಲ್ಲಿ ನೋಡಿದಳು. ಮೂವತ್ಮೂರೂವರೆ. ಮೂವತ್ನಾಲ್ಕು ಎಂದುಕೊಂಡಳು. ಮೇಲೆ ಮೂವತ್ತೆಂಟು. ನಾಲ್ಕಿಂಚು ಹೆಚ್ಚು. ನಂಬಿಕೆ ಬರದೆ ಇನ್ನೆರಡು ಸಲ ಅಳೆದಳು. ಮೂವತ್ನಾಲ್ಕು ಡಿ.

ಅವಳು ಮಂಚದ ಅಂಚಿಗೆ ಕೂತಳು. ಬ್ಲೌಸಿನ ನಂಬರು ಎದೆಯ ಮೇಲಿನ ಸುತ್ತಿನದು. ಒಳಗಿನದರ ನಂಬರು ಎದೆಯ ಕೆಳಗಿನ ಸುತ್ತಿನದು. ಇಷ್ಟೇ. ಇಷ್ಟನ್ನು ತಿಳಿಯದೆ ಹದಿನಾಲ್ಕು ವರ್ಷ "ನಿನ್ ಬ್ಲೌಸ್ ಇಷ್ಟು, ಅಂಗಡೀಲಿ ಅದೇ ನಂಬರ್ ಕೇಳು" ಎಂದು ಹೆಣ್ಣುಮಕ್ಕಳನ್ನು ಕಳಿಸಿದ್ದಳು. ಡೇರಿಯ ಹತ್ತಿರದ ಆ ಹೆಂಗಸಿಗೂ ಮೊದಲು ನಂಬರು ಹೇಳಿದ್ದು ಚೈತ್ರಳೇ. ಒಳಕೋಣೆಗೆ ಹೋದವರೆಲ್ಲ ಬಿಂದುವಿನ ಮುಂದೆ "ಚೈತ್ರ ಇಷ್ಟು ಅಂದಿದ್ಲು" ಎಂದು ಹೇಳಿಯೇ ಇರಬೇಕು. ಒಬ್ಬರ ಬಾಯಿಂದಲೂ "ನಿಂದು ತಪ್ಪು ಅಂದ್ಲು ಬಿಂದು" ಎಂಬ ಮಾತು ತಿರುಗಿ ಬಂದಿರಲಿಲ್ಲ. ಅಂದಿದ್ದರೆ ಒಂದು ಜಗಳ ಆಡಿ ಮುಗಿಸಬಹುದಿತ್ತು. ಬಿಂದುವಿನ ಆ ಒಳ್ಳೆಯತನವನ್ನೇ ಚೈತ್ರಳಿಗೆ ಸಹಿಸಲಾಗಲಿಲ್ಲ.

ಸೊಣ್ಣಮ್ಮನಿಗೆ ಫೋನು ಮಾಡಿ ಹೇಳಬಹುದಿತ್ತು. ಫೋನು ಕೈಗೆ ತೆಗೆದುಕೊಂಡಳು ಕೂಡ. ಇವತ್ತು ಹೇಳಿದರೆ ನಾಳೆ ಡೇರಿಯಲ್ಲಿ ಹಾಲು ಹಾಕುವವರೆಲ್ಲರ ಬಾಯಲ್ಲೂ ಬಿಂದುವಿನದೇ ಹೆಸರು. ಫೋನನ್ನು ದಿಂಬಿನ ಕೆಳಗೆ ತಳ್ಳಿ ಮಿಷನ್ನಿಗೆ ಹೋದಳು.

ಆ ವಾರವೆಲ್ಲ ಧಾರೆಯ ಬ್ಲೌಸನ್ನು ಹೊಲಿದಳು. ಅರಿಶಿನ ಬಣ್ಣದ ರೇಷ್ಮೆ, ಒಳಗೆ ಲೈನಿಂಗು, ಕೈತುದಿಗೆ ಜರಿಯ ಪಟ್ಟಿ. ಅಷ್ಟು ಚೆಂದದ ಕೆಲಸವನ್ನು ಅವಳು ಹಿಂದೆ ಮಾಡಿರಲಿಲ್ಲ. ಪ್ರತಿ ಹೊಲಿಗೆಯಲ್ಲೂ ಇದೊಂದರಲ್ಲಿ ತನ್ನನ್ನು ಯಾರೂ ಮೀರಿಸಲಾರರು ಎಂಬ ಹಟವಿತ್ತು.

ಮುಂದಿನ ಭಾನುವಾರ ಹರ್ಷಿತ ಹೊಸದಾಗಿ ಕೊಂಡ ಮೂವತ್ತಾರರ ಮೇಲೆ ಅದನ್ನು ತೊಟ್ಟು ಪಡಸಾಲೆಗೆ ಬಂದಾಗ ಮೊದಲು ಮುಖ ಸಿಂಡರಿಸಿದವಳು ಸೊಣ್ಣಮ್ಮ. ಕಂಕುಳ ಕೆಳಗೆ ಬಟ್ಟೆ ನೆರಿಗೆ ನೆರಿಗೆಯಾಗಿತ್ತು. ಎದೆಯ ಉಬ್ಬಿಗೆಂದು ಹಿಡಿದ ಡಾಟಿನ ತುದಿ ಎಲ್ಲಿರಬೇಕೋ ಅದಕ್ಕಿಂತ ಮೇಲೆ ನಿಂತಿತ್ತು. ಬೆನ್ನಿನಲ್ಲಿ ಒಳಗಿನ ಪಟ್ಟಿ ಏರಿ ಕಮಾನಿನಂತೆ ಎದ್ದು ಕಾಣುತ್ತಿತ್ತು.

"ಇದೇನ್ ಚೈತ್ರ, ಚೀಲ ಹೊಲಿದಂಗೆ ಹೊಲಿದಿದ್ದೀಯ? ಹನ್ನೊಂದು ಸೀರೇದೂ ನಿನ್ ಕೈಗೇ ಕೊಟ್ಟೆ ಅಂತ ನಮ್ಮನೇಲಿ ಆಗ್ಲೇ ಬೈತಾವ್ರೆ. ಮಿಕ್ಕ ಹತ್ತು ಬಟ್ಟೆ ವಾಪಸ್ ಕೊಟ್ಬಿಡಮ್ಮ, ದೊಡ್ಡಬಳ್ಳಾಪುರದಲ್ಲಿ ಕೊಡ್ತೀನಿ."

ಹುಡುಗಿ ಕನ್ನಡಿಯಲ್ಲಿ ನೋಡಿಕೊಂಡು ಅಳುವುದೊಂದು ಬಾಕಿ. ಅಡುಗೆಮನೆಯಲ್ಲಿ ಬಿಂದು ಅವರೆಕಾಳು ಹಿಸುಕುತ್ತಿದ್ದ ಸದ್ದು ನಿಂತುಹೋಯಿತು. ಕೇಳಿಸಿಕೊಳ್ಳುತ್ತಿದ್ದಾಳೆ.

ಮದುವೆ ಹೆಣ್ಣು ಸೊರಗಿದ್ದಾಳೆ ಎಂದರೆ ಸೊಣ್ಣಮ್ಮ ನಂಬುತ್ತಿದ್ದಳು. ಮದುವೆ ಹೆಣ್ಣುಮಕ್ಕಳೆಲ್ಲ ಸೊರಗುತ್ತಾರೆ. ಆದರೆ ನಂಬಿದರೂ ಚೀಲ ಹೊಲಿದಂತೆ ಎಂಬ ಮಾತು ಹಾಗೇ ಉಳಿಯುತ್ತದೆ. ಆ ರೇಷ್ಮೆಯ ಒಂದು ಹೊಲಿಗೆಯನ್ನೂ ಯಾರೂ ಹಾಗೆ ಅನ್ನಕೂಡದು. ಚೈತ್ರ ಎದ್ದು ನಿಂತಳು.

"ಬ್ಲೌಸು ಸರಿಯಾಗೇ ಇದೆ ಸೊಣ್ಣಮ್ಮಕ್ಕ. ಒಳಗೆ ಹಾಕಿರೋದು ದೊಡ್ಡದು. ಮೂವತ್ತಾರು ಅಂತ ಹೇಳಿದ್ದು ನಾನೇ, ನಂದೇ ತಪ್ಪು." ಅಡುಗೆಮನೆಯ ಕಡೆ ತಿರುಗಿದಳು. "ಬಿಂದು, ಲೇ ಬಿಂದು, ಮೂವತ್ತೆರಡು ಡಿ ಹೊಸದೇನಾದ್ರೂ ಇಟ್ಕೊಂಡಿದ್ದೀಯಾ?"

ಇತ್ತು. ಗಾರ್ಮೆಂಟ್ಸಿನಲ್ಲಿ ಕೆಲಸದವರಿಗೆಂದು ಮಾರುವಾಗ ಬಿಂದು ತಂಗಿಗೆಂದು ತಂದಿಟ್ಟದ್ದು. ಹರ್ಷಿತ ಒಳಗೆ ಹೋಗಿ ಹಾಕಿಕೊಂಡು ಬಂದಳು. ಒಂದೂ ನೆರಿಗೆ ಇರಲಿಲ್ಲ. ಡಾಟು ತನ್ನ ಜಾಗದಲ್ಲಿ ನಿಂತಿತ್ತು, ಬೆನ್ನು ಇಸ್ತ್ರಿ ಹಾಕಿದಂತೆ ಕೂತಿತ್ತು. ಹುಡುಗಿ ಎರಡೂ ಕೈ ಎತ್ತಿ, ಇಳಿಸಿ, ಮತ್ತೆ ಎತ್ತಿ ನಕ್ಕಳು.

ಚೈತ್ರ ಕಾದಳು. ಈಗ ಸೊಣ್ಣಮ್ಮ ಹೊಲಿಗೆಯನ್ನು ಹೊಗಳುತ್ತಾಳೆ.

"ಅಬ್ಬಬ್ಬಾ!" ಎಂದಳು ಸೊಣ್ಣಮ್ಮ, ಬಿಂದುವಿನ ಗಲ್ಲ ಹಿಡಿದು. "ಏನ್ ಕೈಗುಣಾನೇ ನಿಂದು! ಚೀಲದಂಗಿದ್ದ ಬ್ಲೌಸು ಬೊಂಬೆಗೆ ತೊಡಿಸ್ದಂಗಾಯ್ತು. ಮಿಕ್ಕಿದ್ದೂ ಇಲ್ಲೇ ಇರ್ಲಿ ಕಣಮ್ಮ. ಬಿಂದು ಇದ್ದಾಳಲ್ಲ, ನಂಗೇನ್ ಯೋಚನೆ?"

ಹತ್ತು ಬಟ್ಟೆಯೂ ಉಳಿದವು. ಚೈತ್ರ ಅವುಗಳನ್ನು ಒಂದೊಂದಾಗಿ ಮಡಿಸಿ ಬೀರುವಿಗಿಟ್ಟಳು. ಮಡಿಸಿದ್ದನ್ನೇ ಬಿಚ್ಚಿ ಮತ್ತೆ ಮಡಿಸಿದಳು.

ಸಂಜೆ ಬಿಂದು ಕಾಫಿ ತಂದು ಮಿಷನ್ನಿನ ಪಕ್ಕದಲ್ಲಿಟ್ಟಳು. ಹೋಗದೆ ಅಲ್ಲೇ ನಿಂತಳು.

"ಅಕ್ಕ, ಮುಂದಿನ್ ವಾರ ಗಾರ್ಮೆಂಟ್ಸಲ್ಲಿ ಮತ್ತೆ ಕೊಡ್ತಾರೆ. ನಿಮ್ಗೂ ಎರಡು ತರ್ಲಾ?"

ಕೊನೆಗೂ ಕೇಳಿದಳು. ಬೇಡ ಎನ್ನಬೇಕೆಂದು ಒಂದು ವರ್ಷದಿಂದ ಸಿದ್ಧಮಾಡಿಟ್ಟುಕೊಂಡಿದ್ದ ಮಾತು ಬಾಯಿಗೆ ಬರಲಿಲ್ಲ. "ನಂದು ಮೂವತ್ನಾಲ್ಕು ಡಿ" ಎಂದಳು, ಗತ್ತಿನಲ್ಲಿ. "ನಾನೇ ಅಳ್ಕೊಂಡೆ."

ಬಿಂದುವಿನ ಮುಖ ಅರಳಿತು. "ಹೌದಕ್ಕ, ಅಷ್ಟೇ ಇರ್ಬೇಕು. ನಾನು ಮದುವೆಯಾಗಿ ಬಂದ ವಾರಾನೇ ಅಂದ್ಕೊಂಡಿದ್ದೆ. ನಿಮ್ಗೆ ಹೇಳೋಕೆ ಭಯ ಆಯ್ತು."

ಬಂದ ವಾರವೇ! ಟೇಪಿಲ್ಲದೆ, ಮುಟ್ಟದೆ, ಕಣ್ಣಳತೆಯಲ್ಲೇ! ಚೈತ್ರ ಬಾಗಿಲು ಹಾಕಿಕೊಂಡು ಮೂರು ಸಲ ಅಳೆದು ಕಂಡುಕೊಂಡದ್ದು ಇವಳ ಹತ್ತಿರ ಒಂದೂಕಾಲು ವರ್ಷದಿಂದ ಸುಮ್ಮನೆ ಬಿದ್ದಿತ್ತು. ತಾನು ದಿನಕ್ಕೆ ಇಪ್ಪತ್ತು ಸಲ ಎಳೆದುಕೊಳ್ಳುತ್ತಿದ್ದುದನ್ನು ಇವಳು ಇಪ್ಪತ್ತು ಸಲವೂ ನೋಡಿದ್ದಾಳೆ. ಕೈಗೆತ್ತಿಕೊಂಡ ಕಾಫಿ ಲೋಟ ಸುಡುತ್ತಿದ್ದರೂ ಕೆಳಗಿಡಲು ನೆನಪಾಗಲಿಲ್ಲ.

"ತಗೊಂಡ್ ಬಾ" ಎಂದಳು ಕೊನೆಗೆ. "ಕಪ್ಪು ಬೇಡ."

"ಆಯ್ತಕ್ಕ" ಎಂದು ಬಿಂದು ಹಗುರಾಗಿ ತಿರುಗಿ, ಒಲೆಯ ಮೇಲಿನ ಸಾರು ನೋಡಲು ಹೊರಟಳು. ಬಾಗಿಲ ಮೇಲಿನ ಮೊರ ತೆಗೆಯಲು ಕೈ ಎತ್ತಿದಳು. ಚೈತ್ರಳ ಕಣ್ಣು ಅವಳ ಬೆನ್ನಿನ ಮೇಲೆ ನಿಂತಿತು. ಚೂಡಿದಾರದ ತೆಳು ಬಟ್ಟೆಯೊಳಗೆ ಹಿಂದಿನ ಪಟ್ಟಿ ನಿಧಾನಕ್ಕೆ ಮೇಲೇರಿ, ರೆಕ್ಕೆಮೂಳೆಗಳ ನಡುವೆ ಕಮಾನಾಯಿತು. ಕೈ ಇಳಿಸಿದರೂ ಇಳಿಯಲಿಲ್ಲ. ಎಲಾಸ್ಟಿಕ್ ಸತ್ತಿದೆ. ಊರಿಗೆಲ್ಲ ಸೈಜು ಹೇಳುವವಳು ತನಗೆ ಹೊಸದು ಕೊಂಡು ಎಷ್ಟು ಕಾಲವಾಯಿತೋ.

"ಬಿಂದು" ಎಂದು ಕರೆಯಲು ಚೈತ್ರ ಬಾಯಿ ತೆರೆದಳು, ಹಾಗೇ ಮುಚ್ಚಿದಳು. ಹೇಳುವುದಾದರೆ ಭಾನುವಾರ ಹೇಳಬೇಕು, ಒಳಗೆ ಐದಾರು ಜನ ಕೂತಿರುವಾಗ. ಅವಳು ಕಾಫಿಯನ್ನು ಒಂದು ಗುಟುಕು ಕುಡಿದಳು. ಸಕ್ಕರೆ ಸರಿಯಾಗಿತ್ತು, ಅದೂ ಒಂದು ಸಿಟ್ಟು.