ಕವಲುದಿಬ್ಬದ ಕತ್ತೆಮರಿ

ಕಿಹಿಲಾ ಅಂದು ಬೆಳಿಗ್ಗೆ ಎದ್ದವಳೇ ಕತ್ತೆಮರಿಯ ಮೈ ತೊಳೆದಳು. ಕಿವಿಯ ಹಿಂದೆ ಕಚ್ಚಿಕೊಂಡಿದ್ದ ಉಣ್ಣೆಗಳನ್ನು ಕಿತ್ತು ಹಾಕಿದಳು, ಗೊರಸಿನ ಸಂದಿಯ ಮಣ್ಣು ಕೆದಕಿದಳು. ಮಧ್ಯಾಹ್ನದೊಳಗೆ ಸಾಯುವ ಮರಿಗೆ ಇಷ್ಟೆಲ್ಲ ಉಪಚಾರ ಯಾಕೆ ಎಂದು ಯಾರಾದರೂ ಕೇಳಿದ್ದರೆ ಚೆನ್ನಾಗಿ ಬೈಸಿಕೊಳ್ಳುತ್ತಿದ್ದರು. ಆದರೆ ಕೇಳುವವರು ಯಾರೂ ಇರಲಿಲ್ಲ. ಅವಳ ಅಂಗಡಿಗೆ ಜನ ಬರುವುದು ನಿಂತು ಮೂರು ಸುಗ್ಗಿ ಕಳೆದಿತ್ತು.

ಅಂಗಡಿ ಎಂದರೆ ಬಾರ್ಲಿ ಹೆಂಡದ ಅಂಗಡಿ. ಪುರತ್ತು ಹೊಳೆಯಿಂದ ಬಂದ ದೊಡ್ಡ ಕಾಲುವೆ ಎರಡಾಗಿ ಒಡೆದು, ಒಂದು ಕವಲು ಅರ್ದಾನಕ್ಕೂ ಇನ್ನೊಂದು ಕಿಬ್ರೂವಿಗೂ ಹೋಗುವ ಜಾಗದಲ್ಲಿ, ನಡುವಿನ ದಿಬ್ಬದ ಮೇಲೆ ಅದು ಇತ್ತು. ದಿಬ್ಬ ಆ ಊರಿಗೂ ಸೇರಿದ್ದಲ್ಲ, ಈ ಊರಿಗೂ ಸೇರಿದ್ದಲ್ಲ. ಒಳ್ಳೆಯ ಕಾಲದಲ್ಲಿ ಎರಡೂ ಊರಿನವರು ಒಂದೇ ಗುಡಾಣದ ಸುತ್ತ ಕೂತು, ಉದ್ದನೆಯ ಜೊಂಡಿನ ಕೊಳವೆಗಳನ್ನು ಅದ್ದಿ ಹೆಂಡ ಹೀರುತ್ತಿದ್ದರು. ಖಾಯಂ ಗಿರಾಕಿಗಳ ಕೊಳವೆಗಳನ್ನು ಕಿಹಿಲಾ ಗೋಡೆಯ ಬಿರುಕಿನಲ್ಲಿ ಸಾಲಾಗಿ ಸಿಕ್ಕಿಸಿಡುತ್ತಿದ್ದಳು. ಈಗ ಅವೆಲ್ಲ ದೂಳು ಹಿಡಿದಿದ್ದವು. ಒಂದನ್ನು ಮಾತ್ರ ಅವಳು ದಿನಾ ಒರೆಸಿ ಇಡುತ್ತಿದ್ದಳು. ಅದು ಅವಳ ಮಗ ಯಸ್ಸೀಬನದು.

ಇಷ್ಟಕ್ಕೆಲ್ಲ ಕಾರಣ ಹೇಳಿದರೆ ನಗು ಬರುತ್ತದೆ. ಅರ್ದಾನದ ಅರಸ ಝಕುರಾಬು, ಕಿಬ್ರೂವಿನ ಅರಸ ಯಖ್ಬಾರ, ಇಬ್ಬರೂ ಅಮೋರಿ ಕುಲದವರೇ. ಇವರ ಮುತ್ತಜ್ಜಂದಿರು ಕುರಿ ಮೇಯಿಸಿಕೊಂಡು ಒಂದೇ ಗುಡಾರದಲ್ಲಿ ಮಲಗುತ್ತಿದ್ದವರು. ಮರಿಮಕ್ಕಳಿಗೆ ಇಟ್ಟಿಗೆಯ ಕೋಟೆ, ಅರಮನೆ, ಸಿಂಹಾಸನ ಸಿಕ್ಕಿದ್ದೇ ತಡ, ಮೂಗಿಗಿಂತ ಮೂಗುತಿ ಭಾರವಾಯಿತು. ಅಮೋರಿ ಅರಸರಲ್ಲಿ ಚಿಕ್ಕವನು ದೊಡ್ಡವನನ್ನು ಅಪ್ಪಾ ಎನ್ನಬೇಕು, ಸಮಾನರಾದರೆ ಅಣ್ಣತಮ್ಮಂದಿರು. ಯಖ್ಬಾರ ಒಮ್ಮೆ ದೂತನ ಕೈಲಿ ಹೇಳಿಕಳಿಸುವಾಗ ಅಣ್ಣಾ ಎಂದ. ಅಪ್ಪಾ ಅನ್ನು ಎಂದ ಝಕುರಾಬು. ಅಷ್ಟೇ ನೋಡಿ. ಅಷ್ಟಕ್ಕೇ ತಲೆಗಳು ಉರುಳಿದವು. ಕವಲಿನ ಬಾಯಲ್ಲಿ ಹೂಳು ತುಂಬಿತು. ಹೂಳೆತ್ತಲು ಒಂದು ಊರಿನವನು ಕಾಲುವೆಗೆ ಕಾಲಿಟ್ಟರೆ ನೀರು ಕದಿಯಲು ಬಂದ ಎಂದು ಇನ್ನೊಂದು ಊರಿನವರು ಬಾಣ ಬಿಡುತ್ತಿದ್ದರು. ಹೊಳೆಯ ನೀರು ಹೂಳಿನ ಹಿಂದೆ ನಿಂತು, ಉಕ್ಕಿ, ಮರಳುಗಾಡಿನ ಪಾಲಾಗುತ್ತಿತ್ತು. ಎರಡೂ ಊರಿನ ಖರ್ಜೂರದ ತೋಟಗಳು ಒಣಗುತ್ತಿದ್ದವು. ಅರಸರಿಬ್ಬರೂ ಗಡ್ಡಕ್ಕೆ ಎಣ್ಣೆ ಹಚ್ಚಿಕೊಂಡು ಕೂತಿದ್ದರು.

ಯಸ್ಸೀಬ ಕಿಬ್ರೂವಿಗೆ ಹೆಂಡದ ಗಡಿಗೆ ಹೊತ್ತುಕೊಂಡು ಹೋದವನು ಹಿಂದಿರುಗಲಿಲ್ಲ. ಅರ್ದಾನದ ಬೇಹುಗಾರ ಎಂದು ಹಿಡಿದು ಇಟ್ಟಿಗೆ ಕೊಯ್ಯಲು ಹಾಕಿದರು. ಅರ್ದಾನದವರು ನಮ್ಮ ಸೆರೆಯಾಳುಗಳನ್ನು ಬಿಡಿ ಎಂದು ಕೇಳುವಾಗಲೆಲ್ಲ ಅವನೊಬ್ಬನನ್ನು ಬಿಟ್ಟು ಕೇಳುತ್ತಿದ್ದರು. ಅವನು ಅವರವನಲ್ಲವಲ್ಲ. ಯಾರವನೂ ಅಲ್ಲದವನನ್ನು ಯಾರು ಕೇಳುತ್ತಾರೆ? ಕಿಹಿಲಾ ಎರಡೂ ಅರಮನೆಗಳ ಬಾಗಿಲು ತಟ್ಟಿ, ಎರಡೂ ಕಡೆ ಕಾವಲುಗಾರರ ಕೈಲಿ ನೂಕಿಸಿಕೊಂಡು ಬಂದಿದ್ದಳು.

ಕೊನೆಗೆ ಬಾಯಾರಿಕೆ ಅರಸರಿಗೂ ತಟ್ಟಿತು. ಸಂಧಿ ಮಾಡಿಕೊಳ್ಳೋಣ ಎಂದರು. ಅಮೋರಿಗಳಲ್ಲಿ ಸಂಧಿ ಎಂದರೆ ಬಾಯಿಮಾತಲ್ಲ. ಹಾಲು ಬಿಡದ ಕತ್ತೆಮರಿಯೊಂದನ್ನು ಇಬ್ಬರ ನಡುವೆ ಕಡಿಯಬೇಕು. ಮಾತು ತಪ್ಪಿದವನ ಕತ್ತು ಹೀಗಾಗಲಿ ಎಂದು ಆಣೆ ಇಡಬೇಕು. ಮರಿ ಕೊಡುವವನು ಯಾರು ಎಂಬಲ್ಲಿ ಮತ್ತೆ ಜಗಳ ಬಂತು, ಯಾಕೆಂದರೆ ಪದ್ಧತಿಯ ಪ್ರಕಾರ ಮರಿ ಕೊಟ್ಟವನು ಅಪ್ಪ, ಪಡೆದುಕೊಂಡವನು ಮಗ. ನಾನು ಕೊಡುತ್ತೇನೆ ಎಂದು ಅವನು, ನಾನೇ ಎಂದು ಇವನು. ಆಗ ಕುಯ್ದ ಕುರಿಯ ಈಲಿ ನೋಡಿ ಶಕುನ ಹೇಳುವ ಮುದುಕ ಇಬ್ಬಾಲನಿಗೆ ಕವಲುದಿಬ್ಬ ನೆನಪಾಯಿತು. ಯಾರದ್ದೂ ಅಲ್ಲದ ನೆಲ, ಯಾರವಳೂ ಅಲ್ಲದ ಹೆಂಗಸು, ಅವಳ ಕತ್ತೆ ಮೊನ್ನೆ ತಾನೇ ಮರಿ ಹಾಕಿದೆ. ಅವನು ಊರುಗೋಲು ಊರಿಕೊಂಡು ಬಂದು ಕೇಳಿದ.

"ಮರಿ ಕೊಡ್ತೀನಿ," ಎಂದಳು ಕಿಹಿಲಾ. "ನನ್ನ ಮಗನ್ನ ಕೊಡ್ಸು."

"ಅರಸರ ಹತ್ರಾನೇ ಚೌಕಾಸಿ ಮಾಡ್ತೀಯೇನೇ?"

"ಮಾಡ್ದೆ ಮತ್ತೆ? ಹೆಂಡ ಮಾರೋಳು ನಾನು. ಮರಿ ಕತ್ತು ಬೀಳೋ ಹೊತ್ಗೆ ನನ್ನ ಮಗ ಕಣ್ಣೆದುರಿಗೆ ನಿಂತಿರ್ಬೇಕು, ಬಿದ್ದ ಕೂಡ್ಲೇ ನನ್ನ ಪಕ್ಕಕ್ಕೆ ಬರ್ಬೇಕು. ಇಲ್ದಿದ್ರೆ ನಿಮ್ಮ ಅರಸರು ಒಬ್ಬರ ಕತ್ತು ಒಬ್ಬರು ಕಡ್ಕೊಳ್ಲಿ, ನನ್ನ ಮರಿ ತಂಟೆಗೆ ಬರ್ಬೇಡಿ."

ಇಬ್ಬಾಲ ಎರಡೂ ಅರಮನೆಗೆ ನಡೆದು ಒಪ್ಪಿಸಿ ಬಂದ. ಆಮೇಲೆ ಕಿಹಿಲಾ ಇನ್ನೂ ಒಂದು ಮಾತು ಕೇಳಿದಳು. "ತಾಯಿ ಕಣ್ಣೆದುರಿಗೆ ಮರಿ ಕಡೀಬಾರ್ದು. ತಾಯಿಕತ್ತೇನ ಕಿಬ್ರೂ ದಂಡೆಗೆ ಹೊಡ್ಕೊಂಡು ಹೋಗಿ ಮರೇಲಿ ಕಟ್ಸು." ಮಗನನ್ನು ಕಳೆದುಕೊಂಡವಳಿಗೆ ಕತ್ತೆಯ ಸಂಕಟವೂ ತನ್ನದೇ ಅನ್ನಿಸಿತ್ತು. ಆ ಒಂದು ಕನಿಕರ ಎಲ್ಲವನ್ನೂ ಬುಡಮೇಲು ಮಾಡಿತು.

ಬಿಸಿಲು ಏರುವ ಹೊತ್ತಿಗೆ ಎರಡೂ ಕಡೆಯವರು ಬಂದರು. ಝಕುರಾಬು ದಪ್ಪ ಮುದುಕ. ದಿಬ್ಬ ಹತ್ತುವುದರೊಳಗೆ ಏದುಸಿರು ಬಿಟ್ಟ. ಯಖ್ಬಾರ ತೆಳ್ಳಗೆ ಹುರಿಗಟ್ಟಿದ ಆಳು, ಹಾರಿಕೊಂಡೇ ಹತ್ತಿದ. ಆಚೆ ಕಿಬ್ರೂವಿನ ದಂಡೆಯ ಮೇಲೆ ಬಿಡುಗಡೆಯಾಗಬೇಕಿದ್ದ ಅರ್ದಾನದ ಸೆರೆಯಾಳುಗಳನ್ನು ಸಾಲಾಗಿ ನಿಲ್ಲಿಸಿ, ಒಂದೇ ಉದ್ದ ಹಗ್ಗದಿಂದ ಸೊಂಟಕ್ಕೆ ಸೊಂಟ ಬಿಗಿದಿದ್ದರು. ಕಿಹಿಲಾ ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದಳು. ತುದಿಯಲ್ಲಿ ನಿಂತವನು ಯಸ್ಸೀಬ. ಬಡಕಲಾಗಿದ್ದ, ತಲೆ ಬೋಳಿಸಿದ್ದರು. ಮರಿಯ ಹಗ್ಗವನ್ನು ಇಬ್ಬಾಲನ ಕೈಗೆ ಕೊಟ್ಟು, ಅದರ ಹಣೆ ಸವರಿ, ಮುಖ ತಿರುಗಿಸಿಕೊಂಡಳು.

ಅಷ್ಟರಲ್ಲಿ ಆಚೆ ದಂಡೆಯಿಂದ ತಾಯಿಕತ್ತೆ ಕೂಗಿತು. ಕೆಚ್ಚಲು ತುಂಬಿದ ಕತ್ತೆಗೆ ಸಂಧಿಯೂ ಗೊತ್ತಿಲ್ಲ, ಅರಸರೂ ಗೊತ್ತಿಲ್ಲ. ಮರಿ ಒಮ್ಮೆ ಕಿವಿ ನೆಟ್ಟಗೆ ಮಾಡಿ, ಮುದುಕನ ಕೈಯಿಂದ ಹಗ್ಗ ಕಿತ್ತುಕೊಂಡು ದಿಬ್ಬದಿಂದ ಜಿಗಿದು ನೇರ ಕವಲಿನ ಬಾಯಿಗೆ ನುಗ್ಗಿತು. ಹೂಳಿನ ಮೇಲ್ಪದರ ಒಣಗಿ ರೊಟ್ಟಿಯ ಹಾಗೆ ಬಿರಿದಿತ್ತು, ಒಳಗೆಲ್ಲ ಅಂಬಲಿ. ನಡುವಿಗೆ ಹೋಗುವಷ್ಟರಲ್ಲಿ ಮರಿ ಹೊಟ್ಟೆಯವರೆಗೂ ಹೂತುಹೋಯಿತು.

"ಮೋಸ!" ಎಂದು ಕಿರುಚಿದ ಅರ್ದಾನದ ದಂಡನಾಯಕ. "ಬೇಕಂತ್ಲೇ ತಾಯಿಕತ್ತೇನ ನಿಮ್ಮ ದಂಡೇಲಿ ಕಟ್ಟಿದೀರ! ಮರೀನ ನಿಮ್ಮ ಕಡೆ ಎಳ್ಕೊಂಡು ನೀವೇ ಕೊಟ್ಟೋರು ಅನ್ನಿಸ್ಕೊಳ್ಳೋಕೆ!"

"ಕತ್ತೆ ಬುದ್ಧಿ ಕತ್ತೆಗಿಂತ ಮೊದ್ಲು ನಿಮಗೇ ಗೊತ್ತಾಗತ್ತೆ ಬಿಡು!" ಎಂದರು ಕಿಬ್ರೂವಿನವರು.

ಈಟಿಗಳು ಎದ್ದವು. ಕಟ್ಟಿಸಿದವಳು ನಾನು, ನಾನು, ಎಂದು ಕಿಹಿಲಾ ಎದೆ ಬಡಿದುಕೊಂಡು ಹೇಳಿದರೂ ಯಾರ ಕಿವಿಗೂ ಬೀಳಲಿಲ್ಲ. ಆಚೆ ದಂಡೆಯಲ್ಲಿ ಕಾವಲಿನವನು ಸೆರೆಯಾಳುಗಳ ಹಗ್ಗ ಎಳೆದು, ಊರ ಕಡೆಗೆ ತಿರುಗಿಸುತ್ತಿದ್ದ. ಮಗನ ಬೆನ್ನು ಕಂಡದ್ದೇ ಅವಳು ಸೀರೆಯಂತೆ ಸುತ್ತಿದ್ದ ಉಣ್ಣೆಯ ಬಟ್ಟೆ ಎತ್ತಿ ಕಟ್ಟಿ ಹೂಳಿಗೆ ಇಳಿದೇಬಿಟ್ಟಳು.

ಮರಿಯ ಕತ್ತಿಗೆ ಕೈ ಹಾಕುವಷ್ಟರಲ್ಲಿ ಅವಳೂ ಸೊಂಟದವರೆಗೆ ಇಳಿದಿದ್ದಳು. ಎಳೆದಷ್ಟೂ ಇಬ್ಬರೂ ಒಳಗೆ ಹೋಗುತ್ತಿದ್ದರು. ದಂಡೆಗಳ ಮೇಲೆ ಅಷ್ಟು ಗಂಡಸರು, ಅಷ್ಟು ಈಟಿ, ಅಷ್ಟು ಗಡ್ಡ. ಒಬ್ಬನೂ ಕಾಲಿಡಲಿಲ್ಲ. ಕಾಲಿಟ್ಟರೆ ಬಾಣ ಬರುತ್ತದೆಂದು ಎಲ್ಲರಿಗೂ ಗೊತ್ತಿತ್ತು.

"ಏನ್ ನೋಡ್ತೀರೋ, ನಿಮ್ಮ ಬಾಯಿಗೆ ಮಣ್ಣು ಹಾಕ!" ಎಂದು ಕಿಹಿಲಾ ಕೂಗಿದಳು. "ನನ್ನ ಗುಡಾಣ ಬರಿದು ಮಾಡೋವಾಗ ಒಬ್ಬರ ಹೆಗಲ ಮೇಲೊಬ್ಬರು ಬಿದ್ದು ಬರ್ತಿದ್ರಲ್ಲ! ಅಪ್ಪ ಅಂತೆ, ಮಗ ಅಂತೆ! ಮುಳುಗೋಳನ್ನ ಎತ್ತದ ಅಪ್ಪನೂ ಬೇಡ, ಮಗನೂ ಬೇಡ, ಹೋಗ್ರೋ!"

"ಅವ್ವಾ!"

ಒಂದೇ ಕೂಗು. ಯಸ್ಸೀಬ ಗರಕ್ಕನೆ ತಿರುಗಿ ದಂಡೆಯಿಂದ ಹಾರಿದ. ಸೊಂಟಕ್ಕೆ ಹಗ್ಗವಿದೆ ಎಂಬುದನ್ನು ಮರೆತಿದ್ದ. ಅವನ ಹಿಂದಿನವನು ಉರುಳಿದ, ಅವನ ಹಿಂದಿನವನೂ ಉರುಳಿದ. ಹೀಗೆ ಇಡೀ ಸಾಲು ಸಂತೆಯ ಕುರಿಗಳ ಹಾಗೆ ಒಬ್ಬನ ಮೇಲೊಬ್ಬ ಕೆಸರಿಗೆ ಬಿತ್ತು. ಹಗ್ಗದ ತುದಿ ಕೈಗೆ ಸುತ್ತಿಕೊಂಡಿದ್ದ ಕಾವಲಿನವನೂ ಕೊನೆಗೆ ಧೊಪ್ಪನೆ ಬಿದ್ದ.

ಮುಳುಗುತ್ತಿರುವವರು ತನ್ನ ಊರಿನವರು ಎಂದು ಝಕುರಾಬುವಿಗೆ ಹೊಳೆಯಿತು. "ಇಳೀರೋ, ನಮ್ಮ ಹುಡುಗ್ರು ಸಾಯ್ತಾರೆ!" ಎಂದ. ಕಾವಲಿನವನು ತನ್ನವನೆಂದು ಯಖ್ಬಾರನಿಗೂ ಹೊಳೆಯಿತು. "ಇಳೀರಿ! ಹಗ್ಗ ಬಿಚ್ಚಿ ಮೊದ್ಲು!" ಎಂದು ಅವನೂ ಕೂಗಿದ. ಈಟಿಗಳನ್ನು ಒಗೆದು ಎರಡೂ ಕಡೆಯವರು ಇಳಿದರು. ಸೆರೆಯಾಳುಗಳ ಸೊಂಟದಿಂದ ಹಗ್ಗ ಬಿಚ್ಚಿದರು. ಸೊಂಟದವರೆಗೆ ಹೂತಿದ್ದ ಕಿಹಿಲಾಳನ್ನು ಇಬ್ಬರು ಎತ್ತಿ ದಿಬ್ಬದ ಏರಿಗೆ ಸಾಗಿಸಿದರು. ಯಸ್ಸೀಬ ಹಗ್ಗವನ್ನು ಮರಿಯ ಹಿಂಗಾಲು, ಎದೆಗೆ ಸುತ್ತಿದ. ಉಳಿದವರು ಗುರಾಣಿಗಳಿಂದ ಕೆಸರು ತೋಡಿದರು. ಮೂರು ಸುಗ್ಗಿಯಿಂದ ಯಾರೂ ಮುಟ್ಟದ ಹೂಳು, ಈಗ ಯಾರ ಗುರಾಣಿ ಯಾವ ಊರಿನದು ಎಂದು ನೋಡುವವರೇ ಇಲ್ಲ.

ಮುದುಕ ಅರಸ ತಡೆಯಲಾರದೆ ತಾನೇ ಹಗ್ಗಕ್ಕೆ ಕೈ ಹಾಕಿದ. ಅವನು ಹಿಡಿದ ಮೇಲೆ ತಾನು ಹಿಡಿಯದಿದ್ದರೆ ಚಿಕ್ಕವನಾಗುತ್ತೇನೆಂದು ಯಖ್ಬಾರನೂ ಹಿಡಿದ. "ಎಳೀರಿ ಹೈಸಾ!" ಎಂದರು. ಮರಿ ಪೊಳಕ್ಕನೆ ಮೇಲೆ ಬಂತು. ಏರಿಯ ಮೇಲೆ ಅದು ಒದ್ದಾಡಿದ ಒದ್ದಾಟಕ್ಕೆ ಎಲ್ಲರೂ, ಅರಸರೂ ಸೇರಿ, ಅದನ್ನು ಅದುಮಿ ಹಿಡಿಯಬೇಕಾಯಿತು. ಅದೇ ಹೊತ್ತಿಗೆ ಹಿಂದಿನಿಂದ ಸದ್ದು ಕೇಳಿಸಿತು. ತೋಡಿದ ಜಾಗದಲ್ಲಿ ಹೂಳು ಕುಸಿದು ನೀರು ನುಗ್ಗಿತ್ತು. ಕೆಳಗೆ ಉಳಿದವರು ಎದ್ದೆನೋ ಬಿದ್ದೆನೋ ಎಂದು ಏರಿ ಹತ್ತಿದರು. ಕೆಂಪು ನೀರು ಮೊದಲು ಅರ್ದಾನದ ಕವಲಿಗೆ ಹೊರಳಿತು, ಆಮೇಲೆ ಕಿಬ್ರೂವಿನ ಕವಲಿಗೂ. ಒಬ್ಬ ಸೈನಿಕ ಅಳುತ್ತಿದ್ದ.

ಇಬ್ಬಾಲ ಮರಿಯ ಹತ್ತಿರ ಬಂದು ಕಾಲು ನೋಡಿದ. ಹಗ್ಗ ಉಜ್ಜಿ ಹಿಂದೊಡೆಯ ಚರ್ಮ ಸುಲಿದು, ರಕ್ತ ಸುರಿಯುತ್ತಿತ್ತು. ಅವನ ಮುಖ ಬಾಡಿತು.

"ಊನ ಆಯ್ತಲ್ಲಪ್ಪ. ಊನ ಆದ ಮರೀನ ದಗಾನ ದೇವ್ರಿಗೆ ಕಡಿಯೋ ಹಾಗಿಲ್ಲ. ಸಂಧಿ ಆಗಲ್ಲ."

ಮಾತು ಮುಗಿಯುವ ಮುನ್ನವೇ ಕೆಸರುಮೆತ್ತಿದ ಕಾವಲಿನವನು ಯಸ್ಸೀಬನ ತೋಳು ಹಿಡಿದ. ಅವನದೂ ತಪ್ಪಲ್ಲ, ಸಂಧಿಯಿಲ್ಲದಿದ್ದರೆ ಸೆರೆಯಾಳು ಸೆರೆಯಾಳೇ. ಕಿಹಿಲಾ ಹಾರಿ ಕಾವಲಿನವನ ಮುಂಗೈ ಹಿಡಿದುಕೊಂಡಳು. ಆಗ ಅವನ ಕೈ ಕಂಡಿತು. ಕೆಂಪಾಗಿತ್ತು. ಯಸ್ಸೀಬನ ಕೈಯೂ ಕೆಂಪಾಗಿತ್ತು.

"ಇಬ್ಬಾಲಜ್ಜ, ಇಲ್ನೋಡು," ಎಂದಳು, ಬಿಡದೆ. "ಇವನ ಕೈ ನೋಡು. ನನ್ನ ಮಗನ ಕೈ ನೋಡು. ಇಬ್ಬರು ಒಡೇರ ಕೈನೂ ನೋಡು. ಮರಿ ರಕ್ತ ಎಲ್ಲರ ಕೈಗೂ ಹತ್ತಿದೆ. ಇನ್ನೇನ್ ಬೇಕು ನಿನ್ನ ದೇವ್ರಿಗೆ?"

ಎಲ್ಲರೂ ತಮ್ಮ ತಮ್ಮ ಅಂಗೈ ನೋಡಿಕೊಂಡರು. ಅರಸರೂ ನೋಡಿಕೊಂಡರು. ಇಬ್ಬಾಲ ಗಡ್ಡ ನೀವಿಕೊಂಡು ನೀರಿನ ಕಡೆ ನೋಡಿದ, ಮರಿಯ ಕಡೆ ನೋಡಿದ. ಅವನು ಅರಸರ ನಡುವೆ ಬದುಕಿ ಹಣ್ಣಾದವನು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು.

"ರಕ್ತ ಬಿದ್ದಾಯ್ತು," ಎಂದ ಗಟ್ಟಿಯಾಗಿ. "ಎರಡೂ ಕಡೆಯೋರು ಮುಟ್ಟಿದ್ದಾಯ್ತು. ದೇವ್ರು ತನಗೆ ಬೇಕಾದ್ದನ್ನ ತಾನೇ ತಗೊಂಡು ನೀರು ಕೊಟ್ಟಿದಾನೆ. ನೀವು ಈಟಿ ಹಿಡ್ಕೊಂಡು ಬಡಿದಾಡಿದ್ರೆ ಇಷ್ಟು ಬೇಗ ಕೊಡ್ತಿರ್ಲಿಲ್ಲ. ಆಣೆ ಇಡಿ."

ಝಕುರಾಬು ಮೊದಲು ಆಣೆಗೆಂದು ಗಂಟಲು ಮುಟ್ಟಿಕೊಂಡ. ಹಳೆಯ ಆಣೆಯ ಮಾತು ಬಾಯಿಗೆ ಬರಲಿಲ್ಲ, ಮರಿ ಬದುಕಿತ್ತಲ್ಲ. ಸ್ವಲ್ಪ ಯೋಚಿಸಿ ಹೇಳಿದ. "ಮಾತು ತಪ್ಪಿದೋನು ಕೆಸರಲ್ಲಿ ಸಿಕ್ಕಿಬೀಳ್ಲಿ. ಅವನಿಗೆ ಯಾರ ಕೈನೂ ಸಿಗದೇ ಇರ್ಲಿ."

ಯಖ್ಬಾರನೂ ಗಂಟಲು ಮುಟ್ಟಿ ಅದನ್ನೇ ಹೇಳಿದ. ಆಮೇಲೆ ಚಡಪಡಿಸುತ್ತಾ ಕೇಳಿದ. "ಸರಿ, ಮರಿ ಕೊಟ್ಟೋರು ಯಾರು ಅಂತ ಲೆಕ್ಕ?"

"ಇವಳು," ಎಂದ ಇಬ್ಬಾಲ.

"ಹಾಗಾದ್ರೆ ನಾವಿಬ್ರೂ ಇವಳ ಮಕ್ಕಳು!" ಎಂದು ಝಕುರಾಬು ಹೊಟ್ಟೆ ಕುಲುಕಿಸಿ ನಕ್ಕ. "ಬಾರೋ ತಮ್ಮ, ಅವ್ವನ ಮನೇಲಿ ಹೆಂಡ ಕುಡಿಯೋಣ."

ಯಖ್ಬಾರನ ಮುಖ ಮೊದಲು ಬಿಗಿಯಿತು, ಆಮೇಲೆ ತಾನಾಗಿಯೇ ಸಡಿಲವಾಯಿತು. "ಅವ್ವಾ, ಇದೆಯಾ ಹೆಂಡ?" ಎಂದ.

"ಇದೆ," ಎಂದಳು ಕಿಹಿಲಾ. "ಕೈ ತೊಳ್ಕೊಂಡು ಬನ್ನಿ ಇಬ್ಬರೂ."

ಯಾರೋ ತಾಯಿಕತ್ತೆಯನ್ನು ನೀರು ದಾಟಿಸಿ ತಂದಿದ್ದರು. ಮರಿ ಕುಂಟುತ್ತಾ ಹೋಗಿ ತಾಯಿಯ ಹೊಟ್ಟೆಯ ಕೆಳಗೆ ಮೂತಿ ತೂರಿಸಿತ್ತು. ಒಳಗೆ ಗುಡಾಣದ ಸುತ್ತ ಜನ ನುಗ್ಗಿದರು. ಕೊಳವೆಗಳ ದೂಳು ಊದಿ, ಇದು ನಂದು, ಅದು ಅವಂದು ಎಂದು ಗುರುತು ಹಿಡಿದರು. ಕೆಲವು ಕೊಳವೆಗಳನ್ನು ಯಾರೂ ತೆಗೆದುಕೊಳ್ಳಲಿಲ್ಲ. ಅವುಗಳ ಒಡೆಯರು ಕಾಳಗದಲ್ಲಿ ಸತ್ತಿದ್ದರು. ಅವನ್ನು ಕಿಹಿಲಾ ಹಾಗೆಯೇ ಗೋಡೆಯಲ್ಲಿ ಬಿಟ್ಟಳು.

ಮಗನ ಕೊಳವೆಯನ್ನು ಸೆರಗಿನಲ್ಲಿ ಇನ್ನೊಮ್ಮೆ ಒರೆಸಿ ಅವನ ಕೈಗೆ ಕೊಟ್ಟಳು. ಯಸ್ಸೀಬ ಅದ್ದಿ ಹೀರಿದ. ಗಾಳಿಯಷ್ಟೇ ಬಂತು. ಇನ್ನೊಮ್ಮೆ ಹೀರಿದ. ಕೊಳವೆ ಒಣಗಿ ಉದ್ದಕ್ಕೂ ಸೀಳಿತ್ತು.

"ದಿನಾ ಒರೆಸ್ತಿದ್ದೆ ಕಣೋ," ಎಂದಳು ಕಿಹಿಲಾ. ಮೂರು ಸುಗ್ಗಿ ಅಳದವಳು ಆ ಸೀಳು ಕೊಳವೆ ಹಿಡಿದು ಬಿಕ್ಕಿ ಬಿಕ್ಕಿ ಅತ್ತಳು.

ಯಸ್ಸೀಬ ಅವಳ ಕೈಯಿಂದ ಅದನ್ನು ಮೆಲ್ಲಗೆ ಬಿಡಿಸಿಕೊಂಡ. "ಬಿಡವ್ವ. ನೀರು ಬಂತಲ್ಲ, ಬಾಗಿಲ ಮುಂದೇನೇ ಜೊಂಡು ಬೆಳೆಯತ್ತೆ. ಹೊಸದು ಕುಯ್ಕೊಳ್ತೀನಿ," ಎಂದ. ಅಲ್ಲಿಯವರೆಗೆ ನಿನ್ನದು ಕೊಡು ಎಂದು, ಅವಳ ಕೊಳವೆಯನ್ನೇ ತೆಗೆದುಕೊಂಡು ಗುಡಾಣಕ್ಕೆ ಅದ್ದಿದ.