ಮಾದಿಯ ಕಾಲುದಾರಿ, ರೂಪಾಳ ಮದುವೆಯ ವಿಡಿಯೋ

ಮಂಕಿ ಊರಿನ ಮಾದಿ ಬಸಳೆ, ಹರಿವೆ ಸೊಪ್ಪು ಬೆಳೆಯುವವಳು. ತರಕಾರಿ ಬುಟ್ಟಿ ಹೊತ್ತು ನೆರೆಯ ದಿನಕರನ ತೆಂಗಿನ ತೋಟದೊಳಗಿನ ಕಾಲುದಾರಿಯಲ್ಲಿ ನಡೆದು ಬಸ್ಸು ಹಿಡಿಯುತ್ತಿದ್ದಳು. ಒಂದು ದಿನ ದಿನಕರ ಅಲ್ಲಿ ತಂತಿಬೇಲಿ ಹಾಕಿದ. ಗದ್ದೆಯಂಚು ಸುತ್ತಿ ಹೋಗುವಷ್ಟರಲ್ಲಿ ಬಸ್ಸು ಹೋಗಿರುತ್ತಿತ್ತು, ಬಸಳೆ ಬಾಡಿರುತ್ತಿತ್ತು.

ತರಕಾರಿ ಬೆಳೆಯುವ ಜಮೀನು ಮಾದಿಯ ಹೆಸರಿನಲ್ಲಿತ್ತು. ಅವಳು ಹೊನ್ನಾವರ ಕೋರ್ಟಿನಲ್ಲಿ ದಾವೆ ಹೂಡಿದಳು. ಕಾನೂನು ಸೇವಾ ಸಮಿತಿಯವರು ವಕೀಲೆ ದಿವ್ಯಶ್ರೀಯನ್ನು ಉಚಿತವಾಗಿ ಕೊಟ್ಟರು. ಕಾಲುದಾರಿ ಸಾಲದು, ಟೆಂಪೋ ಹೋಗುವ ದಾರಿಯೂ ಬೇಕೆಂದು ಹಟ ಹಿಡಿದವನು ಗಂಡ ಹಮ್ಮ. ಅದನ್ನೂ ದಾವೆಯಲ್ಲಿ ಸೇರಿಸಿದರು.

ಆಮೇಲೆ ಕೋರ್ಟಿನ ಆದೇಶ ಬಂತು. ದಾರಿಗೆ ಸಂಬಂಧಪಟ್ಟ ಕಾಗದ, ಫೋಟೋ, ವಿಡಿಯೋ ಏನೇನಿದೆಯೋ ಎರಡೂ ಕಡೆಯವರು ಪ್ರಮಾಣ ಮಾಡಿ ತಿಳಿಸಬೇಕು.

ಹಮ್ಮನ ಮುಖ ಸಪ್ಪಗಾಯಿತು. ಮಗಳು ರೂಪಾಳ ಮದುವೆಯ ವಿಡಿಯೋ ಅವನ ಫೋನಿನಲ್ಲಿತ್ತು. ದಿಬ್ಬಣದ ಟೆಂಪೋ ತೋಟ ದಾಟುವಾಗ ಅವನೇ ಕೈಮುಗಿದು ಹೇಳಿದ್ದ: "ದಿನಕರಣ್ಣ, ಇವತ್ತೊಂದಿನ ಟೆಂಪೋ ಬಿಟ್ರಲ್ಲ, ದೊಡ್ಡ ಉಪಕಾರ ಆತು."

"ಟೆಂಪೋ ಬಿಟ್ಟದ್ದು ಬರೀ ಉಪಕಾರ ಅಂತ ನಾನೇ ಒಪ್ಪಿದಂಗಾತು. ಇದನ್ನ ತೋರಿಸಿದ್ರೆ ಕೇಸು ಮುಳುಗ್ತದೆ. ಅಳಿಸಿಬಿಡ್ತೆ," ಎಂದ ಹಮ್ಮ.

"ಮಗಳ ಮದುವೆ ಅಳಿಸ್ತ್ಯಾ? ಎಂತ ಬುದ್ಧಿ ನಿಂದು!" ಮಾದಿ ಫೋನು ಕಸಿದುಕೊಂಡು ಅವನನ್ನು ವಕೀಲೆಯ ಬಳಿ ಕರೆದೊಯ್ದಳು.

"ಅಕ್ಕೋರೆ, ನಮ್ಮ ತಪ್ಪು ನಾವೇ ಎಂತಕ್ಕೆ ತೋರಿಸೂದು? ಅಳಿಸಿಬಿಡ್ತೆ. ಬೇಕಾದ್ರೆ ಅವ್ರೇ ಹುಡುಕಲಿ," ಎಂದ ಹಮ್ಮ.

"ಹಾಗಲ್ಲ ಹಮ್ಮಣ್ಣ," ಎಂದಳು ದಿವ್ಯಶ್ರೀ. "ಕೋರ್ಟು ಕೇಳಿದ ಮೇಲೆ ನಮಗೆ ಅನುಕೂಲ ಇದ್ದದ್ದು ಮಾತ್ರ ಅಲ್ಲ, ವಿರುದ್ಧ ಇದ್ದದ್ದೂ ತೋರಿಸ್ಬೇಕು. ಮುಚ್ಚಿಟ್ರೆ ದಾವೆಯೇ ವಜಾ ಆಗ್ಬಹುದು. ಅಳಿಸಿದ್ದು ಗೊತ್ತಾದ್ರೆ ನಮ್ಮ ನಿಜವನ್ನೂ ಯಾರೂ ನಂಬೂದಿಲ್ಲ."

"ದಿನಕರಣ್ಣಂಗೆ ಈ ಕಾನೂನು ಇಲ್ವಾ?" ಎಂದು ಕೇಳಿದ ಹಮ್ಮ.

"ಉಂಟಲ್ಲ. ಅವ್ರು ಮುಚ್ಚಿಟ್ರೆ ಅವ್ರ ವಾದವನ್ನೇ ಕೋರ್ಟು ತೆಗೆದುಹಾಕ್ಬಹುದು."

"ನಾನು ಈಗ ಇಲ್ಲಿ ಅಳಿಸ್ತೆ ಅಂದೆನಲ್ಲ, ಅದನ್ನೂ ಕೋರ್ಟಿಗೆ ಹೇಳ್ಬೇಕಾ?"

ದಿವ್ಯಶ್ರೀ ನಕ್ಕುಬಿಟ್ಟಳು. "ಬೇಡ. ಕೇಸಿನ ಬಗ್ಗೆ ವಕೀಲರ ಹತ್ರ ಆಡಿದ ಮಾತು ಗುಟ್ಟಾಗೇ ಇರ್ತದೆ. ಎಲ್ಲಿ, ವಿಡಿಯೋ ಪೂರ್ತಿ ಹಾಕಿ."

ಟೆಂಪೋ ದಾಟಿತು. ಹಿಂದೆ ಹಾಡುತ್ತಾ ಬಂದ ಹೆಂಗಸರು ತೋಟದ ಬಾಗಿಲಲ್ಲಿ ಅನುಮಾನಿಸಿ ನಿಂತರು. ದಿನಕರನ ತಾಯಿ ಗಂಗಾ ಜೋರಾಗಿ ಕರೆದಳು: "ಮಾದಿ, ನಿಮ್ಮತ್ತೆ ಕಾಲದಿಂದ ನಡೆದ ದಾರಿ. ಇವತ್ತೆಂತ ನಾಚ್ಕೆ? ಬನ್ನಿ!"

ಹಮ್ಮ ಬಾಯಿಬಿಟ್ಟುಕೊಂಡು ನೋಡಿದ. ವಿಡಿಯೋದ ಈ ಭಾಗವನ್ನು ಅವನು ನೋಡಿಯೇ ಇರಲಿಲ್ಲ! "ಕಾಲುದಾರಿಗೆ ಇದೇ ಸಾಕ್ಷಿ," ಎಂದಳು ದಿವ್ಯಶ್ರೀ.

ಮಾದಿ ಇಡೀ ವಿಡಿಯೋ ಕೋರ್ಟಿಗೆ ಕೊಟ್ಟಳು. ದಿನಕರನೂ ಬೇಲಿ ಹಾಕುವ ಮುಂಚಿನ ಫೋಟೋಗಳನ್ನು ತಂದ. ಅವುಗಳಲ್ಲಿ ಕಾಲುದಾರಿಯ ಸವೆದ ಕಲ್ಲುಮೆಟ್ಟಿಲು ಸ್ಪಷ್ಟವಾಗಿ ಕಾಣುತ್ತಿತ್ತು. ವಿಡಿಯೋದಲ್ಲಿ ತಾಯಿಯ ದನಿ ಕೇಳಿ ಅವನು ತಲೆ ತಗ್ಗಿಸಿದ.

"ಟೆಂಪೋ ಬರ್ತದೆ ಅಂತ ಹೆದರಿ ಬೇಲಿ ಹಾಕ್ದೆ. ನಡ್ಕೊಂಡು ಹೋಗೂದಕ್ಕೆ ನಂದೆಂತ ಅಡ್ಡಿಯಿಲ್ಲೆ ಮಾದಿ," ಎಂದ.

"ನಂಗೂ ಟೆಂಪೋ ಬೇಡ ಮರಾಯ," ಎಂದಳು ಅವಳು.

ಕೋರ್ಟಿನ ಮುಂದೆಯೇ ರಾಜಿ ಬರೆಸಿಕೊಂಡರು. ಮರುದಿನ ಬೇಲಿ ಕಿತ್ತರು. ತಂತಿ ಸುತ್ತಲು ಮೊದಲು ಕೈ ಹಾಕಿದವನು ಹಮ್ಮ. ಗಂಗಾ ಎಲ್ಲರಿಗೂ ಎಳನೀರು ಕೆತ್ತಿ ಕೊಟ್ಟಳು.

ನಿಮ್ಮ ಮನೆಯಲ್ಲೂ ಸಿವಿಲ್ ಕೇಸು ಇದೆಯೇ? ಕಾಗದ, ಫೋಟೋ, ವಿಡಿಯೋ, ಮೆಸೇಜು ಯಾವುದನ್ನೂ ಹರಿಯಬೇಡಿ, ಅಳಿಸಬೇಡಿ. ಎಲ್ಲವನ್ನೂ ನಿಮ್ಮ ವಕೀಲರಿಗೆ ತೋರಿಸಿ. ಎದುರಿನವರ ಬಳಿ ಇರುವುದನ್ನು ಕೇಳುವ ಹಕ್ಕು ನಿಮಗೂ ಇದೆ. ವಕೀಲರಿಗೆ ಕೊಡಲು ದುಡ್ಡಿಲ್ಲವೆಂದು ಹಿಂಜರಿಯದೆ ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ ವಿಚಾರಿಸಿ. ಅಕ್ಕಂದಿರೇ, ನಿಮಗಂತೂ ಆದಾಯ ಎಷ್ಟಿದ್ದರೂ ಆ ನೆರವು ಉಚಿತ. ಇದ್ದದ್ದನ್ನು ಇದ್ದ ಹಾಗೆ ತೋರಿಸಿ, ಧೈರ್ಯವಾಗಿ ಕೋರ್ಟಿನ ಮೆಟ್ಟಿಲು ಹತ್ತಿ.