ನಬೋರನ ಚಹರೆ

ಎವರಿಸ್ತೊ ಬರಾಗಾನ್ ಒಂದೇ ವರ್ಷದಲ್ಲಿ ಪಾದ್ರಿಯಾಗಿ, ದರೋಡೆಕೋರನಾಗಿ, ಮುದಿ ಜನರಲ್ ಆಗಿ, ಒಮ್ಮೆಯಂತೂ ಬಾಯಿಬಡುಕಿ ವಿಧವೆಯಾಗಿ ತೆರೆಯ ಮೇಲೆ ಬಂದವನು. ಅವನಿಗೆ ಬಣ್ಣ ಹಚ್ಚುತ್ತಿದ್ದವಳು ನಾನು. "ಚೋಲೆ, ಇವತ್ತು ನಾನ್ಯಾರೇ?" ಎನ್ನುತ್ತ ಬೆಳಿಗ್ಗೆ ಕುರ್ಚಿಯಲ್ಲಿ ಕೂರುತ್ತಿದ್ದ. ಪತ್ರಿಕೆಯವರು ಅವನನ್ನು ಅಟ್ಟಕ್ಕೇರಿಸಿ ಬರೆಯುತ್ತಿದ್ದರು. ಅವರು ಹೊಗಳಿದ ಮೂಗುಗಳಲ್ಲಿ ಅರ್ಧ ನನ್ನ ಮೇಣದವು ಎಂದು ಯಾರೂ ಬರೆಯಲಿಲ್ಲ, ಬಿಡಿ.

ಆ ಅಕ್ಟೋಬರಿನಲ್ಲಿ ತ್ಲಾಸ್ಕಾಲಾ ಕಡೆಯ ಒಂದು ಹಳ್ಳಿಯಲ್ಲಿ ನಮ್ಮ ಚಿತ್ರೀಕರಣ. ನಮಗೆಲ್ಲ ಊಟ ಹಾಕುತ್ತಿದ್ದವಳು ಹಸಿಂತಾ ಎಂಬ ಮುದುಕಿ. ಸತ್ತವರು ಮನೆಗೆ ಬರುವ ದಿನ ಹತ್ತಿರವಾಗಿತ್ತು. ಮೇಜಿನ ಮೇಲೆ ಚೆಂಡುಹೂ ಹರಡಿ, ಗಂಡನ ಫೋಟೊ, ಅತ್ತೆಯ ಫೋಟೊ ಇಟ್ಟಿದ್ದಳು. ಮಗ ನಬೋರನ ಜಾಗದಲ್ಲಿ ಒಂದು ಲೋಟ ಚಾಕೊಲೇಟ್ ಮಾತ್ರ. ಮೀಸೆ ಚಿಗುರುವ ವಯಸ್ಸಿನಲ್ಲಿ ಕ್ರಾಂತಿಯ ದಂಡಿನ ಜೊತೆ ಹೋದವನು ಹಿಂದಿರುಗಲೇ ಇಲ್ಲ. ಫೋಟೊ ತೆಗೆಸುವ ಅನುಕೂಲ ಆಗ ಯಾರಿಗಿತ್ತು?

"ನೀನು ಯಾರು ಬೇಕಾದ್ರೂ ಆಗ್ತೀಯಂತಲ್ಲ ಮಗಾ," ಎಂದಳು ಎವರಿಸ್ತೊನ ತಟ್ಟೆಗೆ ರೊಟ್ಟಿ ಹಾಕುತ್ತ. "ನಮ್ಮ ನಬೋರ ಆಗು. ಒಂದು ಫೋಟೊ ಹೊಡೆಸ್ಕೊಡು. ಅವನ ಮುಖ ಜಾರಿ ಹೋಗ್ತಾ ಇದೆ ಅಂತ ಭಯ ನಂಗೆ. ನಾನೂ ಮರೆತ್ರೆ ಅವನಿಗೆ ಇನ್ಯಾರಿದಾರೆ?"

"ಅಜ್ಜೀ, ಐವತ್ತು ದಾಟಿದವನನ್ನ ಹುಡುಗ ಮಾಡೋಕೆ ನಾನೇನು ಪವಾಡ ಮಾಡೋ ಗ್ವಾದಲೂಪೆ ತಾಯಿನಾ?" ಎಂದೆ ನಾನು.

"ಬಾಯಿ ಮುಚ್ಕೊಂಡು ಪೆಟ್ಟಿಗೆ ತಾರೇ," ಎಂದ ಎವರಿಸ್ತೊ.

ಭಾನುವಾರ ಕೆಲಸವಿರಲಿಲ್ಲ. ಅವಳ ಅಂಗಳದಲ್ಲೇ ಕೂತೆವು. ನಮ್ಮ ಫೋಟೊದವನು ಕ್ಯಾಮೆರಾ ಹೂಡಿಕೊಂಡು ನಿಂತ. ನಾನು ಸುಕ್ಕು ಮುಚ್ಚಿದೆ, ನರೆಗೆ ಕಪ್ಪು ಬಳಿದೆ.

"ಹುಬ್ಬು ಇಷ್ಟು ದಪ್ಪ ಇರ್ಲಿಲ್ಲ," ಎಂದಳು ಮುದುಕಿ. ತೆಳ್ಳಗೆ ಮಾಡಿದೆ. "ಕಿವಿ ಇನ್ನೂ ಅಗಲ." ಮೇಣ ಇಟ್ಟೆ. "ಕೆನ್ನೆ ಗುಳಿ ಎಡಗಡೆ ಮಾತ್ರ." ಅದೂ ಆಯಿತು.

ಆದರೂ ಅವಳು ತಲೆ ಅಲ್ಲಾಡಿಸಿದಳು. ಎವರಿಸ್ತೊ ನಾಚುತ್ತ ನಕ್ಕ. "ಅದು ಪಟ್ಟಣದ ನಗು." ತುಂಟನಂತೆ ನಕ್ಕ. "ಅದು ನನ್ನ ತಮ್ಮನ ನಗು." ಮುನಿಸಿಕೊಂಡು ತಲೆ ತಗ್ಗಿಸಿದ. "ಊಹುಂ, ನಬೋರ ಮುನಿಸಿಕೊಂಡ್ರೆ ನೆಲ ನೋಡ್ತಿರ್ಲಿಲ್ಲ, ಬಾಗಿಲು ನೋಡ್ತಿದ್ದ." ಬಾಗಿಲು ನೋಡಿದ. "ಹಾಗಲ್ಲ. ಅವನು ಹೀಗೆ ಕತ್ತು ಬಿಗೀತಿರ್ಲಿಲ್ಲ."

ಜಪ್ಪಯ್ಯ ಎಂದರೂ ಒಪ್ಪಲಿಲ್ಲ. ಬಿಸಿಲು ಗೋಡೆ ದಾಟಿತು. ಇದ್ದಬದ್ದ ವಿದ್ಯೆಯನ್ನೆಲ್ಲ ಸುರಿದ ಮೇಲೆ ನನ್ನ ಗೋಸುಂಬೆ ಕೈಚೆಲ್ಲಿ ಕೂತ.

"ಕ್ಷಮಿಸವ್ವಾ. ನನ್ನ ಕೈಲಾಗ್ಲಿಲ್ಲ. ಎಲ್ಲರೂ ಸಿಕ್ಕಿದ್ರು, ನಿನ್ನ ಮಗ ಒಬ್ಬ ಸಿಕ್ಕಲಿಲ್ಲ," ಎಂದವನೇ ಅತ್ತುಬಿಟ್ಟ. ನಾನು ಹಚ್ಚಿದ ಬಣ್ಣ ಗಲ್ಲದ ಮೇಲೆ ಇಳಿಯಿತು. ಕ್ಯಾಮೆರಾದ ಮುಂದೆ ಬೇಕೆಂದಾಗ ಕಣ್ಣೀರು ತರಿಸುತ್ತಿದ್ದವನು ಅವನು, ಆದರೆ ಆ ಅಳು ನಾನು ಹಿಂದೆಂದೂ ಕಂಡದ್ದಲ್ಲ. ಮುದುಕಿಯ ಮೇಲೆ ನನಗೆ ರೇಗಿತು. ಒಂದಕ್ಕಾದರೂ ಹೂಂ ಅನ್ನಬಾರದಿತ್ತೆ, ಬಾಯಿಮಾತಿಗಾದರೂ?

"ತೆಗೀಲಾ ಅಜ್ಜಿ?" ಎಂದ ಫೋಟೊದವನು ಮೆಲ್ಲಗೆ.

"ಬೇಡಪ್ಪ, ಎತ್ತಿಡು ಅದನ್ನ."

ನೋಡಿದರೆ ಹಸಿಂತಾ ನಗುತ್ತಿದ್ದಳು. ಅವಳ ಕಣ್ಣೂ ತುಂಬಿತ್ತು. ಎದ್ದು ಬಂದು ಸೆರಗಿನಂತೆ ಹೊದ್ದಿದ್ದ ಶಾಲಿನ ತುದಿಯಿಂದ ಎವರಿಸ್ತೊನ ಮುಖ ಒರೆಸಿದಳು.

"ಯಾಕೋ ಅಳ್ತೀಯ, ಹುಚ್ಚಪ್ಪ? ಬೆಳಿಗ್ಗೆಯಿಂದ ಅಷ್ಟೊಂದು ಮುಖ ತೋರಿಸ್ದೆ. ಒಂದೊಂದಕ್ಕೂ ಇದಲ್ಲ, ಇದಲ್ಲ ಅಂತ ನಂಗೆ ಗೊತ್ತಾಯ್ತಲ್ಲೋ. ಅಂದ್ರೆ ನಾನು ಅವನನ್ನ ಮರೆತಿಲ್ಲ ಕಣೋ ಮಗಾ."